ಶಮಶಾದಬಿ ಹಾಕಿದ ಹೊತ್ತಿನ ಕೊಂಡಿ

ಇಳಕಲ್ಲಿನ ನೇಕಾರರ ಓಣಿಯಲ್ಲಿ ಶಮಶಾದಬಿಯ ಮನೆ ಯಾವುದೆಂದು ಕೇಳಿದರೆ ಯಾರಾದರೂ ಬಾಗಿಲವರೆಗೂ ಬಂದು ತೋರಿಸಿ ಹೋಗುತ್ತಾರೆ. ಆಕೆ ಏನು ಮಾಡುತ್ತಿದ್ದಳೆಂದು ಕೇಳಿದರೆ ಮಾತ್ರ ಒಬ್ಬರ ಮುಖ ಒಬ್ಬರು ನೋಡಿ, "ಕೊಂಡಿ ಹಾಕತಿದ್ಲರಿ" ಅನ್ನುತ್ತಾರೆ. ಅದು ಅರ್ಧ ಖರೆ. ಉಳಿದರ್ಧ ನಾನು ಹೇಳುತ್ತೇನೆ. ನನ್ನ ಹೆಸರು ವಿದ್ಯಾ, ಹೈಸ್ಕೂಲಿನಲ್ಲಿ ವಿಜ್ಞಾನ ಕಲಿಸುತ್ತೇನೆ, ಆಕೆಯ ಮನೆಗೂ ನಮ್ಮ ಮನೆಗೂ ನಡುವೆ ಒಂದೇ ಗೋಡೆ. ವಿಜ್ಞಾನದ ಮಾಸ್ತರಿಣಿ ಇಂಥದ್ದೆಲ್ಲ ಬರೆಯಬಹುದೇ ಎಂದು ಹುಬ್ಬು ಏರಿಸುವವರು ಈಗಲೇ ಎದ್ದು ಹೋಗಬಹುದು. ನಂಬಿರೆಂದು ಕೈ ಮುಗಿಯುವ ಸ್ವಭಾವ ನನ್ನದಲ್ಲ.

ಇಳಕಲ್ ಸೀರೆಯಲ್ಲಿ ಒಡಲಿನ ಹಾಸು, ಅಂದರೆ ಉದ್ದಕ್ಕೆ ಹೋಗುವ ಎಳೆ, ಬೇರೆ, ಸೆರಗಿನ ಹಾಸು ಬೇರೆ. ಒಡಲಿಗೆ ಕಪ್ಪೋ ಹಸಿರೋ ದಾರ, ಸೆರಗಿಗೆ ಕೆಂಪು ರೇಷ್ಮೆ. ನೇಯುವ ಮುಂಚೆ ಈ ಎರಡರ ಎಳೆಗಳನ್ನು ಕುಣಿಕೆಯೊಳಗೆ ಕುಣಿಕೆ ಸಿಕ್ಕಿಸಿ, ಒಂದೊಂದಾಗಿ ಕೂಡಿಸಬೇಕು. ಅದಕ್ಕೆ ಕೊಂಡಿ ಅನ್ನುತ್ತಾರೆ. ಶಮಶಾದಬಿ ನೆಲದ ಮೇಲೆ ಕೂತು, ಎಳೆಗಳ ತುದಿಯನ್ನು ಕಾಲಿನ ಹೆಬ್ಬೆರಳಿಗೆ ಸುತ್ತಿ ಬಿಗಿ ಹಿಡಿದು, ಬೆಳಗಿನಿಂದ ಸಂಜೆಯವರೆಗೆ ಕೊಂಡಿ ಹಾಕುತ್ತಿದ್ದಳು. ನಾನು ಆಕೆಯನ್ನು ಚಾಚಿ ಎಂದು ಕರೆಯುತ್ತೇನೆ. ನನ್ನವ್ವ ಇಂದ್ರವ್ವ ಮಗ್ಗದ ಕುಣಿಯಲ್ಲಿ ಇಳಿದು ಕೂತಾಗ ನಾನು ಬೆಳೆದದ್ದು ಚಾಚಿಯ ತೊಡೆಯ ಮೇಲೆ.

ಚಾಚಿಯ ತವರು ಗುಳೇದಗುಡ್ಡ. ಕುಪ್ಪಸದ ಖಣ ನೇಯುವ ಮನೆಯಲ್ಲಿ ಹುಟ್ಟಿದವಳು, ಅಜ್ಜಿಯಿಂದ ಎರಡು ಕೊಂಡಿ ಕಲಿತು ಬಂದಿದ್ದಳು. ಒಂದು ದಾರದ್ದು, ಇನ್ನೊಂದು ಹೊತ್ತಿನದು. ಹೊತ್ತು ಸಾಲದೆ ಕಂಗಾಲಾದವರು ಆಕೆಯ ಬಳಿ ಬರುತ್ತಿದ್ದರು. ಬಂದವರ ಹೆಬ್ಬೆರಳಿಗೆ ಒಂದು ಎಳೆ ಸುತ್ತಿಸಿ, ಬಿಗಿಯಾಗಿ ಕೂಡಿಸಿ, ಆ ಕೊನೆಯ ಒಂದು ಕುಣಿಕೆ ಎತ್ತಿ ಈ ಕೊನೆಗೆ ಸಿಕ್ಕಿಸುತ್ತಿದ್ದಳು. ಮುಂದೆಂದೋ ಬರಬೇಕಾಗಿದ್ದ ಒಂದು ತಾಸು ಇವತ್ತಿಗೆ ಬಂದು ಕೂಡುತ್ತಿತ್ತು. ಕೊಂಡಿ ಮುಗಿಯುವ ತನಕ ಎಳೆ ಬೆರಳಿನಿಂದ ಜಾರಬಾರದು. ಜಾರಿದರೆ ಹಾಕಿದ್ದೆಲ್ಲ ಬಿಚ್ಚಿ, ಹೊತ್ತು ಬಂದ ದಾರಿಯಲ್ಲೇ ಹಿಂದಕ್ಕೆ ಹೋಗುತ್ತಿತ್ತು.

"ಹಾಸ ಇದ್ದಷ್ಟ ಇರ್ತೈತಿ," ಎಂದು ಚಾಚಿ ಪ್ರತಿಯೊಬ್ಬರಿಗೂ ಹೇಳುತ್ತಿದ್ದಳು. "ಇಲ್ಲಿ ಉದ್ದ ಮಾಡಿದ್ರ ಅಲ್ಲಿ ಗಿಡ್ಡ ಆಗ್ತೈತಿ. ವಿಚಾರ ಮಾಡಿ ಕಾಲ ಚಾಚ್ರಿ."

ಕಡಿದುಕೊಂಡ ತಾಸು ಮುಂದೆ ಯಾವ ದಿನದ್ದು ಎಂದು ಚಾಚಿಗೂ ತಿಳಿಯುತ್ತಿರಲಿಲ್ಲ. ಗಡಿಯಾರದ ಹೊತ್ತು ಮಾತ್ರ ಅದೇ ಇರುತ್ತಿತ್ತು. ಸಂಜೆ ಐದರದ್ದು ತೆಗೆದುಕೊಂಡರೆ ಹೋಗುವುದೂ ಐದರದ್ದೇ. ಆ ತಾಸು ಬಂದಾಗ ಮನುಷ್ಯ ಬೀಳುವುದಿಲ್ಲ, ಮಲಗುವುದಿಲ್ಲ. ನಡೆಯುತ್ತಾನೆ, ಮಾತಾಡುತ್ತಾನೆ, ನಗುತ್ತಾನೆ. ಉಳಿದವರಿಗೆಲ್ಲ ಅದು ಸಿಗುತ್ತದೆ, ಅವನೊಬ್ಬನಿಗೆ ಸಿಗುವುದಿಲ್ಲ.

ಮೂರನೆಯ ಮನೆಯ ಯುನೂಸ ಲಗ್ನಕ್ಕೆ ಮುಂಚೆ ಒಂದು ಸಂಜೆ ಐದಕ್ಕೆ ಇನ್ನೂ ಒಂದು ಮೊಳ ನೇಯುವುದಿದ್ದಾಗ, ಆರರ ಸಿನಿಮಾ ಆಟಕ್ಕೆ ಹೋಗಲೇಬೇಕೆಂದು ಚಾಚಿಯ ಕಾಲು ಹಿಡಿದ. ಮೊಳವನ್ನೂ ಮುಗಿಸಿದ, ಸಿನಿಮಾದ ಹೆಸರು ಬೀಳುವ ಮೊದಲು ಕುರ್ಚಿಯಲ್ಲೂ ಕೂತ. ಎರಡು ವರ್ಷದ ಮೇಲೆ ಅವನ ನಿಕಾಹ್ ಐದು ಗಂಟೆಗೆ ಶುರುವಾಯಿತು. ಮೂರು ಸಲ ಕಬೂಲ್ ಎಂದನಂತೆ, ಮಾವನನ್ನು ಅಪ್ಪಿಕೊಂಡನಂತೆ, ಖರ್ಜೂರ ತಿಂದನಂತೆ. ಎಲ್ಲಕ್ಕೂ 'ಅಂತೆ' ಸೇರಿಸುವವನು ಅವನೇ. ಹೆಂಡತಿ ಬಾನುಬಿ ಇಂದಿಗೂ ಬಿಟ್ಟಿಲ್ಲ. "ಕಬೂಲ್ ಅಂದದ್ದ ನೆನಪಿಲ್ಲಂತ ಈ ಸಾಹೇಬ್ರಿಗೆ. ಊಟದ ಹೊತ್ತ ಮಾತ್ರ ಒಂದಿನಾನೂ ಮರ್ತಿಲ್ಲ ನೋಡ್ರಿ," ಎಂದು ನಲ್ಲಿಯ ಕಟ್ಟೆಯ ಮೇಲೆ ಎಲ್ಲರೆದುರು ಆಡಿಕೊಳ್ಳುತ್ತಾಳೆ.

ದೇವಪ್ಪನದು ನಗುವ ಮಾತಲ್ಲ. ಅವನು ಒಳ್ಳೆಯ ನೇಕಾರ, ಆಸೆ ಸ್ವಲ್ಪ ಹೆಚ್ಚು. ಒಂದು ಹಬ್ಬದ ಹಂಗಾಮಿನಲ್ಲಿ ಒಂದೊಂದು ನೆಪ ಹೇಳಿ ಬೆಳಗಿನ ಹನ್ನೊಂದು ತಾಸು ತೆಗೆದುಕೊಂಡ. ಚಾಚಿ ಆಗ ಹರೆಯದವಳು, ಬೇಡವೆನ್ನಲು ಬರುತ್ತಿರಲಿಲ್ಲ. ಮುಂದಿನ ವರ್ಷ ಆ ಬೆಳಗುಗಳು ಒಂದರ ಹಿಂದೊಂದು ಹೋಗತೊಡಗಿದವು. ಅಂಥ ಒಂದು ಬೆಳಗ್ಗೆ ಅವನ ಮಗಳು ಗೋಡೆ ಬಿಟ್ಟು ನಾಲ್ಕು ಹೆಜ್ಜೆ ಇಟ್ಟು ಅವನ ಮೊಣಕಾಲು ಹಿಡಿದಳು. ಅವನು ಎತ್ತಿ ಕುಣಿಸಿದ, ಓಣಿಯವರನ್ನು ಕರೆದು ತೋರಿಸಿದ. ಮಧ್ಯಾಹ್ನ ಊಟಕ್ಕೆ ಕೂತಾಗ ಹೆಂಡತಿ ಸೋಮವ್ವನಿಗೆ, "ಕೂಸ ಇನ್ನಾ ನಡಿವಲ್ದಲ್ಲ, ದವಾಖಾನಿಗೆ ತೋರ್ಸೂಣೇನ?" ಎಂದ. ಸೋಮವ್ವ ಸೆರಗು ಬಾಯಿಗೆ ಒತ್ತಿಕೊಂಡು ಹಿತ್ತಿಲಿಗೆ ಹೋದಳು. ಅಂದಿನಿಂದ ಚಾಚಿ ಒಬ್ಬರಿಗೆ ಒಂದೇ ತಾಸು ಎಂದು ಗೆರೆ ಎಳೆದಳು. ಯಾರಿಗೆ ಹೊತ್ತು ಬೇಕೋ ಅವರ ಬೆರಳಿಗೇ ಎಳೆ, ಇನ್ನೊಬ್ಬರ ಬೆರಳಿಗೆ ಸುತ್ತುವ ಹಾಗಿಲ್ಲ ಎಂಬುದು ಮೊದಲೇ ಇದ್ದ ಗೆರೆ.

ಆ ಗೆರೆಯನ್ನು ಆಕೆ ದಾಟಿದ್ದು ನನ್ನ ಸಲುವಾಗಿ.

ನನಗಾಗ ಇಪ್ಪತ್ತೆರಡು. ಶಿಕ್ಷಕಿಯ ಕೆಲಸಕ್ಕೆ ಹೆಸರು ಬಂದಿತ್ತು. ಬಾಗಲಕೋಟೆಯ ಕಚೇರಿಯಲ್ಲಿ ಸಂಜೆ ಐದೂವರೆಯೊಳಗೆ ಮೂಲ ಕಾಗದ ತೋರಿಸಬೇಕು. ಕೊನೆಯ ದಿನ ನಾಳೆ ಎಂದುಕೊಂಡು ನಾನು ತಲೆಗೆ ಎಣ್ಣೆ ಹಚ್ಚಿಕೊಂಡು ಕೂತಿದ್ದೆ. ಮೂರೂಮುಕ್ಕಾಲಿಗೆ ಪತ್ರ ತೆಗೆದು ನೋಡಿದರೆ ತಾರೀಖು ಇವತ್ತಿನದು. ನಾಲ್ಕರ ಬಸ್ಸು ಹಿಡಿದರೂ ಮುಟ್ಟುವುದು ಆರಕ್ಕೆ. ನನ್ನ ಬುದ್ಧಿಗೆ ನಾನೇ ಚಪ್ಪಲಿಯಿಂದ ಹೊಡೆದುಕೊಳ್ಳಬೇಕಿತ್ತು, ಹೊತ್ತಿರಲಿಲ್ಲ. ಎಣ್ಣೆಯ ತಲೆಯಲ್ಲೇ ಚಾಚಿಯ ಮನೆಗೆ ಓಡಿದೆ.

ಚಾಚಿ ನನ್ನ ಬೆರಳಿಗೆ ಎಳೆ ಸುತ್ತಿದಳು. ನನ್ನ ಕಾಲು ನಡುಗಿ ಎಳೆ ಜಾರಿತು. ಮತ್ತೆ ಸುತ್ತಿದಳು, ಮತ್ತೆ ಜಾರಿತು. "ಚಾಚಿ, ಮುಂದ ನನ್ನ ಕೂಸ ಹುಟ್ಟೂ ಹೊತ್ತ ಹೋದ್ರ? ಅಪ್ಪನ ಕಡೀ ಹೊತ್ತ ಹೋದ್ರ?" ಎಂದು ಅಳತೊಡಗಿದೆ. ದೇವಪ್ಪನ ಮಗಳು ನನ್ನ ಓರಗೆಯವಳು, ನನಗೆ ಆ ಕತೆ ಬಾಯಿಪಾಠವಾಗಿತ್ತು. ಚಾಚಿ ನನ್ನ ಕಾಲನ್ನು ಮೆಲ್ಲಗೆ ದೂಡಿ, "ಸಾಕು, ಅಳಬ್ಯಾಡ. ಕಾಗದ ತಗೊಂಡ ಬಸ್ಸ ಹಿಡಿ ಹೋಗು. ನಾ ನೋಡ್ಕೋತೇನಿ," ಎಂದಳು. ಬಾಗಿಲು ದಾಟುವಾಗ ತಿರುಗಿ ನೋಡಿದೆ. ಆಕೆ ಎಳೆಯನ್ನು ತನ್ನ ಹೆಬ್ಬೆರಳಿಗೆ ಸುತ್ತಿಕೊಳ್ಳುತ್ತಿದ್ದಳು. ನೋಡಿದೆ, ಅರ್ಥವಾಯಿತು, ಓಡಿದೆ. ಈ ಮೂರನ್ನೂ ನಾನು ಅದೇ ಕ್ರಮದಲ್ಲಿ ಮಾಡಿದೆ, ಬೇರೆ ಹೇಳಿದರೆ ಸುಳ್ಳಾದೀತು.

ಆ ತಾಸಿನ ಬಗ್ಗೆ ಹೇಗೆ ಹೇಳಲಿ. ಬಸ್ಸು ಹೊರಟಾಗ ನಿಲ್ದಾಣದ ಗಡಿಯಾರದಲ್ಲಿ ನಾಲ್ಕು. ಹುನಗುಂದದಲ್ಲಿ ನಾಲ್ಕು. ಅಮೀನಗಡದಲ್ಲೂ ನಾಲ್ಕು. ಹೊರಗೆ ಸೂರ್ಯಕಾಂತಿಯ ಹೊಲಗಳ ಮೇಲೆ ಬಿಸಿಲು ಅಲುಗದೆ ನಿಂತಿತ್ತು, ಬಸ್ಸು ಅದರೊಳಗೆ ಸದ್ದಿಲ್ಲದೆ ಜಾರುತ್ತಿತ್ತು. ಪಕ್ಕದ ಮುದುಕಿ ಶೇಂಗಾ ಸುಲಿಯುತ್ತಿದ್ದಳು. ಸುಲಿದಷ್ಟೂ ಆಕೆಯ ಉಡಿ ತುಂಬಿಯೇ ಇತ್ತು, ಅದನ್ನು ಆಕೆ ಗಮನಿಸಿದಂತೆ ಕಾಣಲಿಲ್ಲ, ನನಗೂ ಒಂದು ಹಿಡಿ ಕೊಟ್ಟಳು. ಒಂದು ಕೂಸು ಆಕಳಿಸಲು ಬಾಯಿ ತೆರೆದದ್ದು ಊರು ದಾಟಿದರೂ ಮುಚ್ಚಿರಲಿಲ್ಲ. ನನ್ನ ಹೆದರಿಕೆ ಎಲ್ಲೋ ಉದುರಿಹೋಗಿ, ಸಣ್ಣವಳಿದ್ದಾಗ ಚಾಚಿಯ ತೊಡೆಯ ಮೇಲೆ ಬರುತ್ತಿದ್ದಂಥ ನಿದ್ದೆ ಬಂತು. ಕಮತಗಿ ದಾಟಿದ ಮೇಲೆ ಕಂಡಕ್ಟರ್ ಕೈಗಡಿಯಾರ ಕಿವಿಗೆ ಹಿಡಿದು, "ಇದರೌನ, ನಿಂತಿತ್ತನು," ಎಂದು ಗೊಣಗಿದ. ಮರುಕ್ಷಣ ಬಸ್ಸು ಗಡಗಡ ಅನ್ನತೊಡಗಿತು, ಕೂಸು ಬಾಯಿ ಮುಚ್ಚಿ ಅಳತೊಡಗಿತು. ಬಾಗಲಕೋಟೆಯಲ್ಲಿ ಇಳಿದಾಗ ಐದು. ಕೆಲಸ ಸಿಕ್ಕಿತು, ಇಂದಿಗೂ ಅದೇ ಅನ್ನ ತಿನ್ನುತ್ತಿದ್ದೇನೆ.

ಚಾಚಿಯ ಗಂಡ ಯಾಕೂಬಸಾಬ ಮಾತು ಕಡಿಮೆಯ ಮನುಷ್ಯ. ಹಾಸಿನ ಎಳೆಗಳಿಗೆ ಗಂಜಿ ಹಾಕುವುದರಲ್ಲಿ ಅವನನ್ನು ಮೀರಿಸುವವರಿರಲಿಲ್ಲ. ಹೆಂಡತಿಯ ಎರಡನೆಯ ವಿದ್ಯೆ ಅವನಿಗೆ ಸೇರುತ್ತಿರಲಿಲ್ಲ. "ಕೊಟ್ಟಾಂವ ಅಳದ ಕೊಟ್ಟಾನ. ನಡುವ ನೀ ಯಾಕ ಕೈ ಹಾಕ್ತಿ?" ಎಂದು ಒಮ್ಮೆ ನನ್ನೆದುರೇ ಗದರಿದ್ದ. ಆದರೂ ದಿನಾ ಸಂಜೆ ಆಕೆಯ ಹೆಬ್ಬೆರಳಿಗೆ ಎಳೆ ಕೊರೆದ ಜಾಗಕ್ಕೆ ಕೊಬ್ಬರಿ ಎಣ್ಣೆ ಹಚ್ಚುವವನು ಅವನೇ. ಎರಡು ವರ್ಷದ ಹಿಂದೆ ಅವನಿಗೆ ಉಸಿರಿನ ಬೇನೆ ಹೆಚ್ಚಾಯಿತು. ಬಾಗಲಕೋಟೆಯ ದವಾಖಾನೆಯಲ್ಲಿ ಹತ್ತು ದಿನ ಇಟ್ಟುಕೊಂಡು, ಇನ್ನು ಮನೆಗೆ ಒಯ್ಯಿರಿ ಎಂದರು. ನಾಲ್ಕು ದಿನ ಕೈ ಎತ್ತಲೂ ಆಗದೆ ನೆಲದ ಹಾಸಿಗೆಯ ಮೇಲೆ ಬಿದ್ದಿದ್ದ.

ಐದನೆಯ ದಿನ ಶನಿವಾರ. ನನಗೆ ಬೆಳಗಿನ ಸಾಲಿ, ಮಧ್ಯಾಹ್ನ ಚಾಚಿಯ ಮನೆಗೇ ಹೋಗಿದ್ದೆ. ಅವರ ಮಗಳು ಮುಬಶೀರಾ ಹುನಗುಂದದ ಗಂಡನ ಮನೆಯಿಂದ ಸಂಜೆಗೆ ಬರುವವಳಿದ್ದಳು. ಕೋಣೆಯಲ್ಲಿ ನಾವು ಮೂವರೇ. ನಾಲ್ಕು ಹೊಡೆದಾಗ ಜೀವವಿದ್ದ ಯಾಕೂಬಸಾಬ ಐದು ಹೊಡೆದಾಗ ಇರಲಿಲ್ಲ.

ಐದಕ್ಕೆ ಚಾಚಿ ಸುತ್ತ ನೋಡಿದಳು. ತೊಡೆಯ ಮೇಲೆ ಅರ್ಧ ಕೊಂಡಿ ಹಾಕಿದ ಕೆಂಪು ರೇಷ್ಮೆಯ ಹಾಸು ಹರಡಿತ್ತು. "ವಿದ್ಯಾ, ಈಗರ ನಾಕ ಹೊಡೀತಲ್ಲ?" ಎಂದಳು. ಆಮೇಲೆ ಗಂಡನ ಮುಖ ನೋಡಿದಳು.

ನಾಲ್ಕರಿಂದ ಐದು. ನನ್ನ ಬಸ್ಸಿನ ತಾಸು. ಹದಿನೈದು ವರ್ಷ ಎಲ್ಲಿ ಹೋಗಿ ಬೀಳುವುದೋ ಎಂದು ನಾನು ಒಳಗೊಳಗೇ ಕಾದ ತಾಸು ಅಲ್ಲಿ ಬಂದು ಬಿದ್ದಿತ್ತು.

ಮೊದಲು ಒಳಗೆ ಬಂದವಳು ಬಾನುಬಿ. ಹೆಣ ನೋಡಿದಳು, ಹಾಸು ನೋಡಿದಳು, ಹೊರಗೆ ಹೋಗಿ ಹೆಂಗಸರಿಗೆ ಹೇಳಿದಳು. "ಗಂಡನ ಜೀವಾ ಹೋಗೂ ಹೊತ್ತಿನ್ಯಾಗೂ ಈಕಿ ಕೊಂಡಿ ಬಿಡ್ಲಿಲ್ಲ ನೋಡವಾ." ಕುಂಬಾರನಿಗೆ ವರುಷ, ದೊಣ್ಣೆಗೆ ನಿಮಿಷ. ನಲವತ್ತು ವರ್ಷದ ಬಾಳುವೆಗೆ ಆ ಒಂದು ಮಾತು ಸಾಕಾಯಿತು. ಚಾಚಿ ಅದನ್ನು ಕೇಳಿಸಿಕೊಂಡಳು, ಮತ್ತು ಅಲ್ಲವೆನ್ನಲು ಆಕೆಯ ಹತ್ತಿರ ಏನೂ ಇರಲಿಲ್ಲ.

ಗಂಡ ಸತ್ತವರು ಹೊರಗೆ ಹೋಗದೆ ಕೂರುವ ಇದ್ದತ್ತಿನಲ್ಲಿದ್ದಾಗ ನನ್ನನ್ನು ಹತ್ತಿರ ಕರೆದು ಕೇಳಿದಳು. "ಅವ್ರು ಏನರ ಅಂದ್ರನು? ನಾ ಏನ ಮಾಡಾಕತ್ತಿದ್ದೆ?"

"ಮಲಗಿದಂಗ ಹೋದ್ರು ಚಾಚಿ," ಎಂದೆ. ಎರಡನೆಯ ಪ್ರಶ್ನೆಯನ್ನು ಹಾಗೇ ಬಿಟ್ಟೆ. ಆ ತಾಸಿನ ಮಾತು ತೆಗೆದರೆ ಅದು ಯಾಕೆ ಹೋಯಿತೆಂಬ ಮಾತೂ ಬರುತ್ತದೆ. ನಾನು ಬಾಗಿಲಲ್ಲಿ ತಿರುಗಿ ನೋಡಿದ್ದು ಬರುತ್ತದೆ. ನನ್ನನ್ನು ಕಾಪಾಡಿಕೊಳ್ಳಲು ನಾನು ಆಕೆಯನ್ನು ಆ ಹೆಂಗಸರ ಬಾಯಿಗೆ ಬಿಟ್ಟೆ. ನಾಚಿಕೆಗೇಡು ಅಂದರೆ ಇದೇ.

ಚಾಚಿ ಕೊಂಡಿ ಹಾಕುವುದನ್ನು ಬಿಟ್ಟಳು, ದಾರದ್ದನ್ನೂ. ದಿನಾ ನಾಲ್ಕಕ್ಕೆ ಗಂಡ ಮಲಗಿದ್ದ ಜಾಗದ ಪಕ್ಕ ಬಂದು ಕೂತು ಐದಕ್ಕೆ ಏಳುತ್ತಿದ್ದಳು. ಎರಡು ವರ್ಷ ಹೀಗೇ ಕಳೆಯಿತು.

ಹೋದ ತಿಂಗಳು ಮುಬಶೀರಾ ನಮ್ಮ ಸಾಲಿಯ ಗೇಟಿಗೆ ಬಂದಳು. "ಅಕ್ಕಾ, ಅಮ್ಮಾ ಒಂದ ಮಾತ ಹೇಳ್ಯಾಳ. ತಾ ಹೋದ ಮ್ಯಾಲ ಅಬ್ಬಾನ ಗೋರಿ ಬಾಜೂಕ ಇಡಬ್ಯಾಡ್ರಿ ಅಂತ. ನಾ ಅಷ್ಟ ಯೋಗ್ಯ ಇಲ್ಲ ಅಂತಾಳ. ಅವತ್ತ ಏನಾತ್ರಿ ಅಕ್ಕಾ?" ಎಂದು ಕೇಳಿ ಅತ್ತಳು. ನನಗೆ ಆ ದಿನ ಮಕ್ಕಳಿಗೆ ಏನು ಪಾಠ ಮಾಡಿದೆನೋ ನೆನಪಿಲ್ಲ.

ರವಿವಾರ ಬೆಳಗ್ಗೆ ಹೋದೆ. ಚಾಚಿ ಹಿತ್ತಿಲಿನಲ್ಲಿ ಜೋಳ ಹಸನು ಮಾಡುತ್ತಿದ್ದಳು. ಮೊದಲು ಬಸ್ಸಿನ ದಿನದ ಮಾತು ಹೇಳಿದೆ. "ಎಳಿ ನಿನ್ನ ಬೆರಳಿಗೆ ಸುತ್ಕೊಂಡದ್ದ ನಾ ನೋಡಿದ್ದೆ ಚಾಚಿ. ನೋಡೇ ಓಡಿದ್ದೆ."

"ನೀ ನೋಡಿದ್ದ ನಾನೂ ನೋಡಿದ್ದೆ," ಎಂದಳು, ಜೋಳದ ಮೊರದಿಂದ ಕಣ್ಣು ತೆಗೆಯದೆ. "ಸಣ್ಣ ಹುಡುಗಿ, ಅಂಜಿದ್ದಿ. ನಾ ಆಗಿ ಸುತ್ಕೊಂಡೇನಿ, ನೀ ಏನ ಕಸಗೊಂಡಿಲ್ಲ. ಅದನ್ನ ಬಿಡು. ಆ ಹೊತ್ತಿಂದ ಹೇಳು. ನಾ ಕೆಲಸ ಮಾಡಾಕತ್ತಿದ್ನ್ಯಾ?"

"ಹೂಂ ಚಾಚಿ. ಕೊಂಡಿ ಹಾಕತಿದ್ದಿ."

ಆಕೆಯ ಕೈ ನಿಂತಿತು. ನಾನು ತಡೆಯದೆ ಹೇಳುತ್ತ ಹೋದೆ.

ನಾಲ್ಕು ಹೊಡೆದೊಡನೆ ಚಾಚಿ ಎದ್ದು ಕೆಂಪು ರೇಷ್ಮೆಯ ಹಾಸು ತಂದಿದ್ದಳು. ಗಂಡನ ಹಾಸಿಗೆಯ ಬದಿಗೆ ಕೂತಳು. ಒಂದು ಎಳೆಯಲ್ಲ, ಮುಷ್ಟಿ ತುಂಬ ಎಳೆ ತನ್ನ ಹೆಬ್ಬೆರಳಿಗೆ ಸುತ್ತಿಕೊಂಡಳು. ಆಕೆ ತನಗೆ ಉಳಿದದ್ದನ್ನೆಲ್ಲ ಅವನಿಗೆ ಕೂಡಿಸುತ್ತಿದ್ದಳು. ಬೇಡವೆನ್ನಬೇಕಿತ್ತು, ಅನ್ನಲಿಲ್ಲ. ಯಾಕೂಬಸಾಬ ಬದುಕಲಿ ಎಂಬ ಆಸೆ ನನಗೂ ಇತ್ತು. ಕೊಂಡಿ ಏರುತ್ತ ಹೋದಂತೆ ಅವನ ಉಸಿರು ಹಗುರಾಯಿತು, ತುಟಿಗೆ ಬಣ್ಣ ಬಂತು. ಕಿಟಕಿಯ ಬಿಸಿಲು ಅವನ ಹೊದಿಕೆಯ ಮೇಲೆ ಅಲುಗದೆ ನಿಂತಿತು. ಇಬ್ಬರೂ ಅವರ ಉರ್ದುವಿನಲ್ಲಿ ಮಾತಾಡಿಕೊಂಡರು.

"ಯಾರ ಸೀರೀದ ಇದು?" ಎಂದು ಅವನು ಕೇಳಿದ.

"ನಿಮ್ದ," ಎಂದಳು.

ಅವನು ನಕ್ಕ. ಲಗ್ನವಾದ ಹೊಸದರಲ್ಲಿ ಗುಳೇದಗುಡ್ಡದಿಂದ ಬರುವಾಗ ಕಮತಗಿಯಲ್ಲಿ ಬಸ್ಸು ತಪ್ಪಿ, ಬೇವಿನ ಗಿಡದ ಕೆಳಗೆ ರೊಟ್ಟಿ ತಿಂದದ್ದನ್ನು ನೆನಪಿಸಿದ. ಅಂದು ಖಾರ ಹತ್ತಿ ಅವನು ಅತ್ತದ್ದನ್ನು ಆಕೆ ನೆನಪಿಸಿದಳು. ಇಪ್ಪತ್ತರ ಗಂಡ ಹೆಂಡಿರು ಮಾತಾಡುವ ಹಾಗೆ ಮಾತಾಡಿದರು, ನಾನೊಬ್ಬಳು ಅಲ್ಲಿರುವುದನ್ನೇ ಮರೆತಿದ್ದರು.

"ಆಮ್ಯಾಲ ನಿನ್ನ ದನಿ ಇಳೀತು ಚಾಚಿ. ತುಟಿ ಬಣ್ಣಾ ಹೋತು. ಅವ್ರು ನಗೂದ ಬಿಟ್ಟ ನಿನ್ನ ಬೆರಳ ನೋಡಿದ್ರು. ಒಂದ ಎಳಿ ಅಲ್ಲ ಅಂತ ಗೊತ್ತಾತು. ನಾಕ ದಿನದಿಂದ ಏಳದ ಕೈ ಮ್ಯಾಲ ಎತ್ತಿದ್ರು. ನಿನ್ನ ಕಾಲ ಹಿಡ್ಕೊಂಡು ಸುತ್ತ ಬಿಡಿಸಾಕತ್ರು. ಬ್ಯಾಡ್ರಿ ಅಂದಿ. ಎರಡ ಸಲ ಅಂದಿ."

"ಅವ್ರು ಏನಂದ್ರು?"

"ಸಂಜಿಕ ಮುಬಶೀರಾ ಬರ್ತಾಳ, ಮನ್ಯಾಗ ಒಬ್ರರ ಇರಬೇಕು ಅಂದ್ರು."

ಸುತ್ತು ಬಿಚ್ಚಿದವು, ಹಾಕಿದ ಕೊಂಡಿಯೆಲ್ಲ ಸಡಿಲಾಯಿತು, ಆಕೆಯ ಹೊತ್ತು ಆಕೆಗೆ ಹಿಂದಿರುಗಿತು. ಐದು ಹೊಡೆಯಿತು.

ಚಾಚಿ ಮೊರವನ್ನು ಬದಿಗೆ ಸರಿಸಿದಳು. ಆಮೇಲೆ ಆಕೆಗೆ ಬಂದದ್ದು ಸಿಟ್ಟು. "ಕೊಟ್ಟದ್ದನ್ನ ತಿರಗಿ ಕೊಡಂತ ಅವ್ರಿಗೆ ಯಾರ ಹೇಳಿದ್ರು? ಜನ್ಮದಾಗ ಒಂದ ಸಲಾನೂ ಏನೂ ಇಸಗೊಳ್ಳಿಲ್ಲ ನನ್ನ ಕಡಿಂದ. ಆವತ್ತರ ಇಸಗೋಬೇಕಿಲ್ಲೇನು?" ಎಂದು ಸತ್ತ ಗಂಡನನ್ನು ಬಯ್ದಳು, ಬಯ್ಯುತ್ತಲೇ ಅತ್ತಳು. ನನ್ನ ತೊಡೆಗೆ ಬಲವಾಗಿ ಒಂದು ಏಟು ಕೊಟ್ಟಳು. "ಎರಡ ವರ್ಷ ನನ್ನ ಬೇಯ್ಸಿದಿ ನೀ, ಹೊಟ್ಯಾಗಿಟ್ಕೊಂಡು." ನಾನು ಇನ್ನೊಂದು ಏಟಿಗೂ ತಯಾರಿದ್ದೆ. ಆಕೆ ಕೊಡಲಿಲ್ಲ, ನನ್ನ ಕೈ ಹಿಡಿದುಕೊಂಡಳು.

ಆಮೇಲೆ ಮುಖ ತೊಳೆದು ಬಂದು, "ಮುಬಶೀರಾಗ ಫೋನ ಹಚ್ಚು. ಅವ್ರ ಬಾಜೂಕ ಜಾಗಾ ಐತೇನ ಕೇಳಂತ ಹೇಳು," ಎಂದಳು. ನಾನು ಮೊಬೈಲು ಕೈಗೆತ್ತಿಕೊಂಡಾಗ ತಡೆದು, ದನಿ ತಗ್ಗಿಸಿ ಕೇಳಿದಳು.

"ಕಡೀ ಸುತ್ತ ಬಿಡಿಸೂ ಮುಂದ, ಅವ್ರು ನನ್ನ ಮಾರಿ ನೋಡಿದ್ರೋ, ದಾರ ನೋಡಿದ್ರೋ?"

"ನಿನ್ನ ಮಾರೀನ ನೋಡಿದ್ರು ಚಾಚಿ," ಎಂದೆ.

ಆಕೆ ತಲೆಯಾಡಿಸಿ, ಕಣ್ಣು ಮುಚ್ಚಿಕೊಂಡಳು. ಅಂದು ಆ ಕೋಣೆಯಲ್ಲಿ ನಡೆದದ್ದೆಲ್ಲ ನಾನು ಕಂಡಿದ್ದೇನೆ, ಅದೊಂದನ್ನು ಬಿಟ್ಟು. ಕಡೆಯ ಸುತ್ತಿನ ಹೊತ್ತಿಗೆ ನಾನು ಸೆರಗಿನಲ್ಲಿ ಮುಖ ಮುಚ್ಚಿಕೊಂಡು ಅಳುತ್ತಿದ್ದೆ.